ನನ್ನನ್ನು ನಂಬದ ನಾಲ್ಕು ತಾಲೂಕು

ನಾನು ಬಾಯಿ ಬಿಟ್ಟರೆ ಜನ ಸುತ್ತಮುತ್ತ ಕ್ಯಾಮರಾ ಹುಡುಕುತ್ತಾರೆ. ಇವತ್ತಿಗೂ ನಿಂತಿಲ್ಲ. ತಪ್ಪು ನನ್ನದೇ. ಹಾಸನಕ್ಕೆ ಕೇಬಲ್ ಹೊಸದಾಗಿ ಬಂದ ಕಾಲದಿಂದ ಒಂಬತ್ತು ವರ್ಷ, ಟಿವಿಯಲ್ಲಿ ನಾನು ನಾನಾಗಿಯೇ ಪಾರ್ಟು ಮಾಡಿದೆ. ನನ್ನದೇ ಹೆಸರು, ನನ್ನದೇ ಸ್ಕೂಟರ್, ನನ್ನದೇ ಪಂಚೆ. ಟಿವಿಯ ನಾನು ಮಾತ್ರ ಊರೂರು ಸುತ್ತಿ, ಅತ್ತು ಕರೆದು, ಸುಳ್ಳು ಹೇಳಿ ಏಮಾರಿಸುವವನು. ಕ್ಯಾಮರಾ ಮರೆಯಲ್ಲಿರುತ್ತಿತ್ತು. ಓದಿದ್ದು ನಾಲ್ಕನೇ ಕ್ಲಾಸು. ಬೇರೆಯವರ ಪಾರ್ಟು ಕೊಟ್ಟಿದ್ದರೆ ಬಾಯಿಪಾಠ ಆಗುತ್ತಿರಲಿಲ್ಲ.

ಸೈಕಲ್ ಪಂಪು

ಹೊಳೆನರಸೀಪುರದಿಂದ ಬರುವಾಗ ಹಳೇಕೋಟೆ ಹತ್ತಿರ ಸ್ಕೂಟರಿನ ಗಾಳಿ ಇಳಿಯಿತು. ಗದ್ದೆಯಲ್ಲಿದ್ದವನನ್ನು ಸೈಕಲ್ ಪಂಪು ಕೇಳಿದೆ. ಅವನು ಹುಲ್ಲಿನ ಮೆದೆ ಹಿಂದೆ ಇಣುಕಿದ. ಮರದ ಮೇಲೆ ನೋಡಿದ. ತಲೆ ಬಾಚಿಕೊಂಡು ಬಂದು ನಿಂತ. ಚಕ್ರ ಮುಟ್ಟಿ ನೋಡಪ್ಪ ಅಂದೆ.

"ನೀನೇ ಬಿಟ್ಟಿರ್ತೀಯ ಕಣ. ಓದ್ ವಾರ ಟೀವೀಲಿ ಸಾಲಗಾಮೆ ಊರಲ್ಲಿ ಅಂಗೇ ಮಾಡಿದ್ದೆ."

ಮಾಡಿದ್ದು ನಿಜ. ತಳ್ಳಿಕೊಂಡು ಹೋದೆ.

ಎರಡು ಮುದ್ದೆ

ಅರಕಲಗೂಡಿನಲ್ಲಿ ನನ್ನ ಹೆಂಡತಿಯ ತವರು. ನಾನು ಏನು ಹೇಳಿದರೂ ಅಲ್ಲಿಯವರು ಅವಳ ಮುಖ ನೋಡುವರು. ಅವಳು ಹೂಂ ಅಂದರೆ ನಿಜ. ನಾಲ್ಕು ತಾಲೂಕಿನಲ್ಲಿ ನನಗಿದ್ದ ಜಾಮೀನು ಅವಳೊಬ್ಬಳೇ. ಒಂದು ಸಲ ಊಟಕ್ಕೆ ಕೂತವನು ಹೊಟ್ಟೆ ತುಂಬಿತು ಅಂದೆ. ಎಲ್ಲರೂ ಅವಳ ಕಡೆ ತಿರುಗಿದರು. ಬೆಳಿಗ್ಗೆ ಅವಳ ಸಾರಿಗೆ ಉಪ್ಪು ಜಾಸ್ತಿ ಅಂದಿದ್ದೆ. ಅವಳು ಮೆಲ್ಲಗೆ ಉಹೂಂ ಅಂದಳು. ಇನ್ನೂ ಎರಡು ಮುದ್ದೆ ಬಿತ್ತು.

ಅರಿಶಿನ ಇಲ್ಲದ ಕಾರ್ಡು

ಆಮೇಲೆ ಅವಳು ತೀರಿಕೊಂಡಳು. ಮೂರು ದಿನದ ಜ್ವರ.

ನಾವು ಮೊದಲು ಇದ್ದದ್ದು ಚನ್ನರಾಯಪಟ್ಟಣದಲ್ಲಿ. ಆ ಬೀದಿಯ ಹೆಂಗಸರೇ ಅವಳ ಬಳಗ. ಅವರು ಬಂದು ಒಂದು ಹೂ ಹಾಕಲಿ, ನನಗೆ ಬೇಕಿದ್ದದ್ದು ಅಷ್ಟೇ. ಶಿವಗಣಾರಾಧನೆಯ ಕಾರ್ಡು ಹಿಡಿದು ಹೋದೆ. ಮೂಲೆಗೆ ಅರಿಶಿನ ಹಚ್ಚಿಲ್ಲ, ಸಾವಿನ ಕಾರ್ಡೇ ಅಂತ ತಿರುಗಿಸಿ ತಿರುಗಿಸಿ ನೋಡಿದರು. ನೋಡಿಯೂ ಒಬ್ಬಳು ನನ್ನ ಬೆನ್ನ ಹಿಂದೆ ಹೋಗಿ ಹುಡುಕಿದಳು. ಈ ಸಲ ಕಾರ್ಡನ್ನೂ ಅಚ್ಚು ಹಾಕಿಸವ್ರೆ ಅಂತ ಇನ್ನೊಬ್ಬಳು ಮೆಚ್ಚಿದಳು. ನನಗೆ ಅಳು ಬಂತು. ಅದಕ್ಕೂ ತಲೆದೂಗಿದರು. ಮೊದಲಿಗಿಂತ ಸುಧಾರಿಸಿದ್ದೇನಂತೆ.

ಬರುತ್ತಾರೋ ಇಲ್ಲವೋ ಅಂತ ನನಗೂ ಅನುಮಾನ. ಬಂದರು, ಒಂದು ಟೆಂಪೋ ತುಂಬ. ರೇಷ್ಮೆ ಸೀರೆ, ಪೌಡರ್, ತಲೆ ತುಂಬ ಮಲ್ಲಿಗೆ. ಸಾಲಾಗಿ ನಿಂತರು. ಹಿರಿಯಳೊಬ್ಬಳು ನನ್ನ ಕಿವಿಯ ಹತ್ತಿರ ಬಂದಳು.

"ಅಳೋವಾಗ ಎತ್ತಗೆ ನೋಡ್ಬೇಕು ಸಾ?"

ಹಾರ ಹಾಕಿದ ಫೋಟೋ ತೋರಿಸಿದೆ. ಎಲ್ಲರೂ ಅತ್ತ ತಿರುಗಿ ಅತ್ತರು. ಚೆನ್ನಾಗೇ ಅತ್ತರು. ಅಷ್ಟು ಚೆನ್ನಾಗಿ ಅವಳ ತವರಿನವರೂ ಅಳಲಿಲ್ಲ.

ಊಟ ಮುಗಿಸಿ ಟೆಂಪೋ ಹತ್ತುವಾಗ, ಟಿವಿಯಲ್ಲಿ ಯಾವತ್ತು ಬರುತ್ತೆ ಅಂತ ಕೇಳಿದರು. ಭಾನುವಾರ ಅಂದೆ.

ಅದೊಂದನ್ನು ಮಾತ್ರ ಎಲ್ಲರೂ ನಂಬಿದರು.