ನಾಲ್ಕನೆಯ ಭಾನುವಾರದ ಪರೀಕ್ಷೆ

ನಮ್ಮ ಸೋದರಮಾವ ಬಿಟ್ಟುಬಂದಷ್ಟು ಸಭೆಗಳನ್ನು ಬೆಂಗಳೂರಿನ ಅನೇಕ ಪಾಸ್ಟರುಗಳು ಕಣ್ಣಾರೆ ಕಂಡೂ ಇರಲಿಕ್ಕಿಲ್ಲ! ಜನ ಬಾಡಿಗೆ ಮನೆ ಬದಲಾಯಿಸುತ್ತಾರೆ, ಮೊಬೈಲಿನ ಸಿಮ್ ಬದಲಾಯಿಸುತ್ತಾರೆ, ಧೈರ್ಯವಿದ್ದವರು ಪಕ್ಷವನ್ನೂ ಬದಲಾಯಿಸುತ್ತಾರೆ. ನಮ್ಮ ಮಾವ ಚರ್ಚು ಬದಲಾಯಿಸುತ್ತಿದ್ದರು. ಅದೂ ಸುಮ್ಮನೆ ಅಲ್ಲ, ಪ್ರತಿ ಸಲವೂ ಲಿಖಿತ ರಾಜೀನಾಮೆ ಕೊಟ್ಟು. ಸೇರದೇ ಇದ್ದ ಸಭೆಗೆ ರಾಜೀನಾಮೆ ಕೊಟ್ಟ ಮನುಷ್ಯರನ್ನು ನೀವು ನೋಡಿದ್ದೀರಾ? ನಾನು ನೋಡಿದ್ದೇನೆ. ಅವರು ನನ್ನ ತಾಯಿಯ ಅಣ್ಣ.

ಇದಕ್ಕೆ ಪೀಣ್ಯವೇ ಕಾರಣ ಎಂದು ನನ್ನ ಅನುಮಾನ. ಅಲ್ಲಿನ ಒಂದು ಗೇರ್ ಕಾರ್ಖಾನೆಯಲ್ಲಿ ಅವರು ಜೀವಮಾನವೆಲ್ಲ ಮಾಡಿದ್ದು ತಪಾಸಣೆಯ ಕೆಲಸ. ಮಾಲು ಮುಂದೆ ಬರಬೇಕು, ಇವರು ಅಳೆಯಬೇಕು, ಸರಿಯಿದ್ದರೆ ಹಸಿರು ಚೀಟಿ, ಇಲ್ಲದಿದ್ದರೆ ಕೆಂಪು ಚೀಟಿ. ಆ ಕಣ್ಣು ಮನೆಗೆ ಬಂದರೂ ಮುಚ್ಚುತ್ತಿರಲಿಲ್ಲ. ಅತ್ತೆಯ ದೋಸೆ ಎತ್ತಿ ಕಿಟಕಿಯ ಬೆಳಕಿಗೆ ಹಿಡಿದು, "ಎಡಗಡೆ ದಪ್ಪ ಬಂದಿದೆ" ಎನ್ನುತ್ತಿದ್ದರು. ನಾನು ಹುಟ್ಟಿದಾಗ ತೊಟ್ಟಿಲಿಗೆ ಬಗ್ಗಿ, "ಕಿವಿ ಸ್ವಲ್ಪ ಓವರ್‌ಸೈಜ್" ಎಂದರಂತೆ. ನನಗೆ ಯಾವ ಬಣ್ಣದ ಚೀಟಿ ಸಿಕ್ಕಿತೆಂದು ಅಮ್ಮ ಇದುವರೆಗೂ ಬಾಯಿ ಬಿಟ್ಟಿಲ್ಲ.

ಹಾಗೆಂದು ಮಾವ ಮೊದಲಿನಿಂದಲೂ ಅಲೆಮಾರಿಯಲ್ಲ. ನಾಗಸಂದ್ರದ ಬಳಿ ನಮ್ಮದೊಂದು ಹಳೆಯ ಕಲ್ಲಿನ ಚರ್ಚಿದೆ. ತಾತನ ಕಾಲದಿಂದ ನಮ್ಮ ಮನೆಯವರೆಲ್ಲ ಅದೇ ಸಭೆ. ಮಾವನ ಮದುವೆ ಅಲ್ಲೇ, ನನ್ನ ದೀಕ್ಷಾಸ್ನಾನವೂ ಅಲ್ಲೇ. ನಾನು ಮಿಮಿಕ್ರಿ ಕಲಿತದ್ದೂ ಅಲ್ಲೇ ಎನ್ನಿ! ನಮ್ಮ ಕಡೆ ಪಾಸ್ಟರನ್ನು ಅಯ್ಯನವರು ಎನ್ನುತ್ತೇವೆ. ಆಗಿನ ಅಯ್ಯನವರು ಪ್ರತಿ ವಾಕ್ಯಕ್ಕೂ ಮುಂಚೆ ಎರಡು ಸಲ 'ಹ್ಞೂಂ, ಹ್ಞೂಂ' ಎಂದು ಗಂಟಲು ಸರಿಮಾಡಿಕೊಳ್ಳುತ್ತಿದ್ದರು. ಆ ಗಂಟಲನ್ನು ನಾನು ಏಳನೇ ಕ್ಲಾಸಿನಲ್ಲೇ ವಶಪಡಿಸಿಕೊಂಡಿದ್ದೆ. ಮುಂದೆ ಮಾರತ್ತಹಳ್ಳಿಯ ಕಾಲ್ ಸೆಂಟರಿನಲ್ಲಿ ಅಮೆರಿಕದವನ ಹಾಗೆ ಮಾತಾಡಿ ಸಂಬಳ ಎಣಿಸುವುದಕ್ಕೂ ಅದೇ ವಿದ್ಯೆ ನೆರವಾಯಿತು.

ಮಾವ ಸಭೆ ಬಿಟ್ಟದ್ದು ಕಾಲಿನಿಂದ. ಕಾರ್ಖಾನೆಯಲ್ಲಿ ಮಾಲಿನ ಪೆಟ್ಟಿಗೆಯೊಂದು ಜಾರಿಬಿದ್ದು ಬಲಗಾಲು ಮುರಿಯಿತು. ಎರಡೂವರೆ ತಿಂಗಳು ಹಾಸಿಗೆ. ನಮ್ಮಲ್ಲಿ ಯಾರಾದರೂ ಮಲಗಿದರೆ ಸಭೆಯವರು ಮನೆಗೆ ಹೋಗಬೇಕು. ಒಂದು ಕೀರ್ತನೆ ಓದಿ, ಪ್ರಾರ್ಥನೆ ಮಾಡಿ, ಕಾಫಿ ಕುಡಿದು ಬರಬೇಕು. ಅದು ಬರೆದಿಡದ ಕಾನೂನು. ಮಾವನ ಕಾಲಿನ ಸುದ್ದಿಯನ್ನು ಭಾನುವಾರದ ಪ್ರಕಟಣೆಯಲ್ಲಿ ಓದಿದರು. ಎಲ್ಲರೂ ತಲೆ ತಗ್ಗಿಸಿದರು. ಆಮೇಲೆ ಎತ್ತಿದರು. ಮನೆಗೆ ಮಾತ್ರ ಯಾರೂ ಹೋಗಲಿಲ್ಲ. ಅಯ್ಯನವರಿಗೆ ಸಭಾಭವನ ಕಟ್ಟಿಸುವ ತರಾತುರಿ, ಕಾರ್ಯದರ್ಶಿಗೆ ಮಗಳ ಮದುವೆ, ನಮ್ಮಂಥ ಹುಡುಗರಿಗೆ ನಮ್ಮ ನಮ್ಮ ಶಿಫ್ಟು.

ಕಾಲಿನ ಪಟ್ಟಿ ಬಿಚ್ಚಿದ ವಾರವೇ ಮಾವ ಅತ್ತೆಯನ್ನು ಸ್ಕೂಟರಿನಲ್ಲಿ ಕರೆತಂದು, ಚರ್ಚಿನ ಗೇಟಿನಲ್ಲಿ ಇಳಿಸಿ, ಇಂಜಿನ್ ಆರಿಸದೆ ಮುಂದೆ ಹೋದರು.

ಅಲ್ಲಿಂದ ಶುರು. ಇವರು ಸಭೆಯಿಂದ ಸಭೆಗೆ ಯಾಕೆ ಹಾರುತ್ತಾರೆಂದು ನನಗೆ ಗುಟ್ಟು ಬಿಟ್ಟುಕೊಟ್ಟವರು ಅತ್ತೆ.

"ಮೂರು ಭಾನುವಾರ ತಪ್ಪದೆ ಹೋಗ್ತಾರೆ ಕಣೋ. ನಾಲ್ಕನೇ ಭಾನುವಾರ ಬೇಕಂತಲೇ ಹೋಗಲ್ಲ. ಶೇವ್ ಮಾಡ್ಕೊಂಡು, ಇಸ್ತ್ರಿ ಶರ್ಟ್ ಹಾಕ್ಕೊಂಡು, ಸಂಜೆ ಬಾಗ್ಲಲ್ಲಿ ಕುರ್ಚಿ ಹಾಕ್ಕೊಂಡು ಕೂತ್ಬಿಡ್ತಾರೆ. ನಂಗೆ ಒಂದು ಲೀಟರ್ ಹಾಲು ಜಾಸ್ತಿ ತಂದ್ಕೊಡ್ತಾರೆ."

"ಹಾಲು ಯಾಕತ್ತೆ?"

"ಯಾಕೆ ಬರ್ಲಿಲ್ಲ ಅಂತ ಕೇಳ್ಕೊಂಡು ಆ ಸಭೆಯವರು ಯಾರಾದ್ರೂ ಬಂದ್ರೆ ಕಾಫಿ ಕೊಡೋದು ಬೇಡ್ವಾ?"

"ಬರ್ತಾರಾ?"

"ಸೋಮವಾರ ನಮ್ಮನೇಲಿ ಮೊಸರು ಜಾಸ್ತಿ ಇರುತ್ತೆ. ತಗೊಂಡ್ಹೋಗ್ತೀಯಾ?"

ಮೊಸರಿನ ಜೊತೆಗೆ ಕೆಂಪು ಚೀಟಿಯೂ ತಯಾರಾಗುತ್ತಿತ್ತು. 'ಮಾನ್ಯರೇ, ತಮ್ಮ ಸಭೆಯನ್ನು ಬಿಡುತ್ತಿದ್ದೇನೆ. ಕಾರಣಗಳು ಈ ಕೆಳಕಂಡಂತಿವೆ. ಒಂದು, ಸ್ಪೀಕರಿನ ಶಬ್ದ ವಿಪರೀತ. ಎರಡು, ಪಾಸ್ಟರ ಪ್ರಸಂಗ ಅರವತ್ತೈದು ನಿಮಿಷ, ಅದರಲ್ಲಿ ಇಪ್ಪತ್ತು ನಿಮಿಷ ಹಿಂದಿನ ವಾರದ್ದೇ. ಮೂರು, ಎಡಭಾಗದ ಎರಡನೇ ಫ್ಯಾನು ಅಲ್ಲಾಡುತ್ತದೆ.' ಯಾರೂ ಮನೆಗೆ ಬರಲಿಲ್ಲ ಎಂಬ ಒಂದು ಕಾರಣವನ್ನು ಮಾತ್ರ ಎಲ್ಲೂ ಬರೆಯುತ್ತಿರಲಿಲ್ಲ. ಅಷ್ಟು ಸ್ವಾಭಿಮಾನ!

ವೈಟ್‌ಫೀಲ್ಡಿನ ಸಭೆಯ ಕಥೆ ಕೇಳಿ. ಅಲ್ಲಿ ಆರಾಧನೆ ಏಸಿಯಲ್ಲಿ, ಹಾಡು ಪರದೆಯ ಮೇಲೆ, ಕಾಫಿ ಮೆಷಿನ್ನಿನಲ್ಲಿ. ಬಾಗಿಲಲ್ಲೇ ಮಾವನ ಎದೆಗೆ 'ಹೊಸಬರು' ಎಂಬ ಸ್ಟಿಕರ್ ಅಂಟಿಸಿದರು. ಜೀವನವಿಡೀ ಬೇರೆಯವರಿಗೆ ಚೀಟಿ ಅಂಟಿಸಿದ ಮನುಷ್ಯನಿಗೇ ಚೀಟಿ! ಐಟಿ ಹುಡುಗರು ಸಾಲಾಗಿ ಬಂದು, "ಹೌ ಆರ್ ಯೂ ಅಂಕಲ್?" ಎಂದು ಕೈಕುಲುಕಿದರು. ಮಾವ "ಬಲಗಾಲಲ್ಲಿ ಸ್ವಲ್ಪ" ಎನ್ನುವಷ್ಟರಲ್ಲಿ ಆ ಕೈ ಪಕ್ಕದವರ ಕೈಯಲ್ಲಿತ್ತು. ನಾಲ್ಕನೆಯ ಭಾನುವಾರ ಮನುಷ್ಯರು ಬರಲಿಲ್ಲ, ಮೊಬೈಲಿಗೆ ಮೆಸೇಜು ಬಂತು: 'ಪ್ರಿಯ ಸ್ನೇಹಿತರೇ, ನಿಮ್ಮನ್ನು ಮಿಸ್ ಮಾಡಿಕೊಂಡೆವು.' ಮಾವ ಕನ್ನಡಕ ಏರಿಸಿ ಎರಡು ಸಲ ಓದಿ, "ನನ್ನ ಹೆಸರೆಲ್ಲಿ?" ಎಂದು ವಾಪಸ್ ಮೆಸೇಜು ಕಳಿಸಿದರು. ಆ ಕಡೆಯಿಂದ ಇನ್ನೊಮ್ಮೆ ಬಂತು: 'ಪ್ರಿಯ ಸ್ನೇಹಿತರೇ...'

ಸಿಂಗಸಂದ್ರದ ಸಭೆಯಲ್ಲಿ ಶಿಸ್ತು ಜಾಸ್ತಿ; ಹೆಂಗಸರು ಒಡವೆ ಹಾಕುವಂತಿಲ್ಲ. ಮಾವ ಮನೆಗೆ ಬಂದು, "ನಿನ್ನ ಓಲೆ ಸ್ವರ್ಗಕ್ಕೆ ಅಡ್ಡ ಬರುತ್ತಂತೆ ಕಣೇ" ಎಂದರು. ಅತ್ತೆ ಸೊಪ್ಪು ಬಿಡಿಸುತ್ತಾ, ತಲೆಯೆತ್ತದೆ, "ಹಂಗಾದ್ರೆ ನೀವು ಮುಂದೆ ಹೋಗಿ ಸೀಟು ಹಿಡ್ಕೊಂಡಿರ್ರಿ" ಎಂದರು. ಆ ಸಭೆ ಅಲ್ಲಿಗೇ ಮುಗಿಯಿತು.

ಹಸಿರು ಚೀಟಿಗೆ ಎಲ್ಲಕ್ಕಿಂತ ಹತ್ತಿರ ಬಂದದ್ದು ಪೀಣ್ಯದ ಸಭೆಯೇ. ಲೇತ್ ವರ್ಕ್‌ಶಾಪಿನ ಮಾಳಿಗೆಯಲ್ಲಿ ತಗಡಿನ ಶೆಡ್ಡು, ಉತ್ತರ ಕರ್ನಾಟಕದಿಂದ ಕೂಲಿಗೆ ಬಂದ ಇಪ್ಪತ್ತು ಇಪ್ಪತ್ತೈದು ಜನ. ಕುಣಿತ, ತಮಟೆ, ಕಣ್ಣೀರು ಎಲ್ಲವೂ ಧಾರಾಳ. ಅಲ್ಲಿನ ಪಾಸ್ಟರು ಪ್ರಾರ್ಥಿಸುತ್ತಾ ಹಣೆಯ ಮೇಲೆ ಕೈಯಿಟ್ಟರೆ ಜನ ದಬದಬ ಹಿಂದಕ್ಕೆ ಬೀಳುತ್ತಿದ್ದರು. ಮಾವನ ಸರದಿ ಬಂತು. ಪಾಸ್ಟರು ಕೈಯಿಟ್ಟರು. ಮಾವ ಬೀಳಲಿಲ್ಲ. ಸ್ವಲ್ಪ ಒತ್ತಿದರು. ಮಾವ ಎಡಗಾಲು ಹಿಂದಿಟ್ಟು ಗಟ್ಟಿಯಾಗಿ ನಿಂತರು. ಪಾಸ್ಟರಿಗೂ ಬೆವರು, ಮಾವನಿಗೂ ಬೆವರು! ಕೊನೆಗೆ ಪಾಸ್ಟರು ಮೆಲ್ಲಗೆ, "ಅಣ್ಣಾರ, ಬೀಳ್ರಲ್ಲ" ಎಂದರಂತೆ.

"ದೇವ್ರು ತಳ್ಳಿದ್ರೆ ಬೀಳ್ತೀನಿ. ನೀವು ತಳ್ತಿದೀರ."

ಪಾಸ್ಟರು ಪಕ್ಕನೆ ನಕ್ಕುಬಿಟ್ಟರಂತೆ. ಅದು ಮಾವನಿಗೆ ಹಿಡಿಸಿತು. "ಒಳ್ಳೇ ಮನುಷ್ಯ ಕಣೇ, ಇವರು ಬಂದೇ ಬರ್ತಾರೆ" ಎಂದು ಅತ್ತೆಗೆ ಹೇಳಿ, ಆ ನಾಲ್ಕನೆಯ ಭಾನುವಾರ ಒಂದೂವರೆ ಲೀಟರ್ ಹಾಲು ತಂದರು. ಯಾರೂ ಬರಲಿಲ್ಲ. ಸೋಮವಾರ ಭಾರವಾದ ಮನಸ್ಸಿನಿಂದ ಕೆಂಪು ಚೀಟಿ ಬರೆದುಕೊಂಡು ಹೋದರೆ ಶೆಡ್ಡಿಗೆ ಬೀಗ. ಕೆಳಗಿನ ಲೇತಿನವನು, "ಅವ್ರಾ? ಓನರ್ರು ಖಾಲಿ ಮಾಡ್ಸಿದ್ರು ಸಾರ್. ಕೆಲ್ಸಾನೂ ಬೇರೆ ಸೈಟಿಗೆ ಹೋಯ್ತು, ಎಲ್ರೂ ಆ ಕಡೆ ಹೋದ್ರು" ಎಂದನಂತೆ. ಮಾವ ಬಿಡುವ ಮುಂಚೆ ಸಭೆಯೇ ಮಾವನನ್ನು ಬಿಟ್ಟುಬಿಟ್ಟಿತ್ತು!

ಇದನ್ನು ನಾನು ಪೀಜಿಯಲ್ಲಿ ಮಾವನ ಧ್ವನಿ, ಪಾಸ್ಟರ ಧ್ವನಿ, ಲೇತಿನವನ ಧ್ವನಿ ಎಲ್ಲ ಸೇರಿಸಿ ಆಡಿತೋರಿಸಿದೆ. ರೂಂಮೇಟುಗಳು ಹೊಟ್ಟೆ ಹಿಡಿದುಕೊಂಡು ನಕ್ಕರು. ಮುಂದಿನ ಶನಿವಾರ ಅತ್ತೆಯ ಫೋನ್ ಬಂತು.

"ಇವರು ಇನ್ಮೇಲೆ ಯಾವ ಚರ್ಚಿಗೂ ಹೋಗಲ್ವಂತೆ ಕಣೋ. ಪರೀಕ್ಷೇನೂ ಬೇಡ, ಹಾಲೂ ಬೇಡ ಅಂತಾರೆ. ಬೈಬಲನ್ನ ಬೀರು ಮೇಲಿಟ್ಟಿದಾರೆ."

ಅತ್ತೆ ಅಳುವವರಲ್ಲ. ಅವತ್ತೂ ಅಳಲಿಲ್ಲ. ಆದರೆ ಮಾಮೂಲಿನಂತೆ ಮೊಸರಿನ ಮಾತೆತ್ತಲಿಲ್ಲ. ಅದರಿಂದ ನನಗೆ ಏನೋ ಆಯಿತು. ಏನಾದರೂ ಆದಾಗ ನನಗೆ ಗೊತ್ತಿರುವುದು ಒಂದೇ ವಿದ್ಯೆ. ರೂಂಮೇಟಿನ ಫೋನ್ ಇಸಿದುಕೊಂಡು ಮಾವನ ನಂಬರು ಒತ್ತಿದೆ.

"ಹ್ಞೂಂ, ಹ್ಞೂಂ. ಪ್ರಿಯರೇ, ನಾನು ಅಯ್ಯನವರು ಮಾತಾಡ್ತಿರೋದು. ಹ್ಞೂಂ, ಹ್ಞೂಂ. ತಾವು ಬಹಳ ದಿವಸದಿಂದ ಸಭೆಯಲ್ಲಿ ಕಾಣಿಸ್ಲಿಲ್ಲ."

ಆ ಕಡೆಯಿಂದ ಮಾವನ ಧ್ವನಿ, ಬಹಳ ಮೆತ್ತಗೆ:

"ಮನೆಗೆ ಯಾವತ್ತು ಬರ್ತೀರಿ, ಅಯ್ಯನವರೇ?"

ಇದು ನನ್ನ ಲೆಕ್ಕದಲ್ಲಿರಲಿಲ್ಲ. ಗಂಟಲು ಅಯ್ಯನವರದಾದ್ದರಿಂದ ಬಾಯಿ ತನ್ನಷ್ಟಕ್ಕೆ ತಾನೇ, "ನಾಳೆ ಸಂಜೆ ಐದಕ್ಕೆ" ಎಂದುಬಿಟ್ಟಿತು.

"ಸಕ್ಕತ್ ಮಗಾ!" ಎಂದು ರೂಂಮೇಟು ಬೆನ್ನು ತಟ್ಟಿದ. ನನ್ನ ಬೆನ್ನು ಆಗಲೇ ತಣ್ಣಗಾಗಿತ್ತು. ಮಿಮಿಕ್ರಿ ಮಾಡುವವನ ಕಷ್ಟವೇ ಇದು. ಧ್ವನಿ ತರಬಹುದು, ಆಳನ್ನು ಎಲ್ಲಿಂದ ತರುವುದು?

ಮರುದಿನ ಮಧ್ಯಾಹ್ನ ಅತ್ತೆ ಫೋನ್ ಮಾಡಿ, "ಶೇವ್ ಮಾಡ್ಕೊಂಡಿದಾರೆ ಕಣೋ! ಹಾಲು ತಂದಿದಾರೆ!" ಎಂದರು. ನಾನು ರಿಂಗ್ ರೋಡಿನ ಬಸ್ಸು ಹತ್ತಿದೆ. ಗೊರಗುಂಟೆಪಾಳ್ಯದಲ್ಲಿ ಇಳಿದು ಇನ್ನೊಂದು ಬಸ್ಸು. ಮೆಟ್ರೊ ಕಂಬಗಳು ಏಳುತ್ತಿದ್ದ ಕಾಲ. ರಸ್ತೆಯಲ್ಲಿ ಬಸ್ಸಿಗಿಂತ ಧೂಳೇ ವೇಗವಾಗಿ ಹೋಗುತ್ತಿತ್ತು. ದಾರಿಯುದ್ದಕ್ಕೂ ಸುಳ್ಳು ಹೊಲಿದೆ: ಅಯ್ಯನವರಿಗೆ ಜ್ವರ. ಬೇಡ, ಜ್ವರ ಹಳತಾಯಿತು. ಅಯ್ಯನವರ ಕಾರು ಕೆಟ್ಟಿದೆ.

ಬಾಗಿಲಲ್ಲಿ ಮಾವ ಇಸ್ತ್ರಿ ಶರ್ಟಿನಲ್ಲಿ ಕೂತಿದ್ದರು. ಎದುರಿಗೆ ಒಂದು ಖಾಲಿ ಕುರ್ಚಿ.

"ಮಾವ, ಅಯ್ಯನವರ ಕಾರು..."

"ಯಾವ ಅಯ್ಯನವರು?"

"ನಮ್ಮ ಚರ್ಚಿನ..."

"ಅವರು ವರ್ಗ ಆಗಿ ಕೋಲಾರದ ಕಡೆ ಹೋಗಿ ಒಂದು ವರ್ಷ ಆಯ್ತು. ಈಗ ಬಂದಿರೋರು ಗಂಟಲು ಕ್ಯಾಕರಿಸಲ್ವಂತೆ, ನಿಮ್ಮತ್ತೆ ಹೇಳಿದ್ಲು." ಮಾವ ಕನ್ನಡಕ ಏರಿಸಿ ನನ್ನನ್ನು ಬೆಳಕಿಗೆ ಹಿಡಿದಂತೆ ನೋಡಿದರು. "ನೀನು ಚರ್ಚಿಗೆ ಹೋಗಿ ಎಷ್ಟು ದಿನ ಆಯ್ತೋ?"

ಮಾವ ಪ್ರತಿ ಸಭೆಗೂ ಕಾಗದ ಬರೆದು ಬಿಟ್ಟಿದ್ದರು. ನಾನು ಅದನ್ನೂ ಬರೆದಿರಲಿಲ್ಲ. ಬಿಟ್ಟೆನೆಂದು ನನಗೇ ಗೊತ್ತಿರಲಿಲ್ಲ.

"ನಾನೇ ಅಂತ ಗೊತ್ತಿತ್ತಾ, ಮಾವ? ಮತ್ತೆ ಈ ಶೇವು, ಹಾಲು..."

"ಅಯ್ಯನವರು ಬರಲ್ಲ ಅಂತ ಗೊತ್ತಿತ್ತು. ಫೋನ್ ಮಾಡಿದೋನು ಬರ್ತಾನೆ ಅಂತ ಕೂತಿದ್ದೆ. ಅವನೂ ನಮ್ಮ ಸಭೆಯೋನೇ ಅಲ್ವಾ? ಕೂತ್ಕೋ."

ಕೂತೆ. ಒಳಗೆ ಹಾಲು ಉಕ್ಕುವ ವಾಸನೆ.

"ಪ್ರಾರ್ಥನೆ ಮಾಡು. ನಿನ್ನ ಗಂಟಲಲ್ಲಿ."

ಕಣ್ಣು ಮುಚ್ಚಿ ಹುಡುಕಿದೆ. ಅಯ್ಯನವರು ಸಿಕ್ಕರು, ಕಾರ್ಯದರ್ಶಿ ಸಿಕ್ಕರು, ಟೆಕ್ಸಾಸಿನವನೊಬ್ಬ ಸಿಕ್ಕ. ಬಹಳ ಹೊತ್ತಾದ ಮೇಲೆ ತೆಳ್ಳಗೆ ಒಂದು ಧ್ವನಿ ಬಂತು: "ಕರ್ತನೇ, ಮಾವನ ಕಾಲು ನೋವು ವಾಸಿಮಾಡಪ್ಪ." ಕಾಲು ಕೂಡಿಕೊಂಡು ಎರಡು ವರ್ಷವಾಗಿತ್ತು. ಆದರೂ ಬಾಯಿಗೆ ಬಂದದ್ದು ಅಷ್ಟೇ.

"ಆಮೆನ್" ಎಂದರು ಮಾವ. ಒಳಗಡೆ ಮುಖ ಮಾಡಿ, "ಬರೋ ವಾರ ಆರಾಧನೆ ಎಷ್ಟು ಗಂಟೆಗೇ?" ಎಂದು ಕೇಳಿದರು. ಅಡಿಗೆಮನೆಯಿಂದ ತಕ್ಷಣ, "ಎಂಟೂವರೆ!" ಎಂದು ಬಂತು. ಅತ್ತೆ ಬಾಗಿಲ ಹಿಂದೆಯೇ ನಿಂತಿದ್ದರೆಂದು ಕಾಣುತ್ತದೆ.

ಆಮೇಲೆ ಮಾವ ಕುರ್ಚಿಯನ್ನು ನನ್ನ ಹತ್ತಿರ ಎಳೆದುಕೊಂಡು, ಪ್ಯಾಂಟನ್ನು ಮೊಣಕಾಲಿನ ತನಕ ಮಡಿಸಿದರು. ಪಾದದ ಮೇಲಿನಿಂದ ಉದ್ದಕ್ಕೆ ಹೊಲಿಗೆಯ ಗುರುತಿತ್ತು.

"ಇಲ್ಲಿಂದ ಇಲ್ಲೀವರೆಗೂ ರಾಡ್ ಇದೆ. ಹದಿನೇಳು ಹೊಲಿಗೆ. ಬರೀ ನೋಡಿದ್ರೆ ಗೊತ್ತಾಗಲ್ಲ, ಮುಟ್ಟಿ ನೋಡು."

ಮುಟ್ಟಿದೆ.