ಬಳೆಗಾರನ ಮೈಯೊಳಗೆ ಗೋರಿ

ಈ ಸೀಮೆಯಲ್ಲಿ ಮೊದಲ ದೆವ್ವದ ಸಿನಿಮಾ ತೆಗೆದವನು ನಾನೇ. ಸುಳ್ಳು. ತೆಗೆದವನು ನನ್ನ ಚಿತ್ರಗಾರ ಗೆಳೆಯ. ನಾನು ಅವನ ಪೆಟ್ಟಿಗೆ ಹೊತ್ತವನು, ಅದೂ ಅರ್ಧ ದಾರಿ. ಕುಂಚ ಬಿಟ್ಟು ಕ್ಯಾಮೆರಾ ಹಿಡಿದ ಮೇಲೆ ಅವನ ಸುತ್ತ ಏನಾದರೊಂದು ಫಜೀತಿ ಆಗುತ್ತಲೇ ಇತ್ತು.

ಆಳಂದ: ನಡೆಯದವ

ನಲವತ್ತೆಂಟರ ಬೇಸಿಗೆ, ರಜಾಕಾರರ ಗಲಾಟೆ. ಸಂತೆಯಲ್ಲಿ ಜೇವರ್ಗಿಯ ಬಳೆಗಾರನೊಬ್ಬ ಸಿಕ್ಕ. ಕ್ಯಾಮೆರಾ ಕಂಡದ್ದೇ, ಹೆಗಲ ಮೇಲೆ ಬಳೆಗಳ ಮಲಾರ ಹೊತ್ತು ಕಂಬದಂತೆ ನಿಂತುಬಿಟ್ಟ.

"ನಡೀರಿ, ಇದು ನಡಿಯೋ ಚಿತ್ರ," ಅಂದ ಗೆಳೆಯ.

"ನಡದ್ರ ಮಾರಿ ಕೆಡ್ತದ್ರಿ."

ನಾನು ಬಳೆಗಾರನ ಕಿವಿಯಲ್ಲಿ ಉಸುರಿದೆ: "ಭಾಳ ಹೊತ್ತು ನಿಂತ್ರ ಈ ಮಷೀನ್ ನೆರಳು ಹೀರ್ತದ."

ನಡೆಯಲಿಲ್ಲ, ಓಡಿದ. ಓಡುತ್ತ ಮೂರು ಸಲ ತಿರುಗಿ ನೋಡಿದ, ನೆರಳು ಜೊತೆಗೆ ಬಂತೋ ಇಲ್ಲವೋ ಎಂದು.

ಅಫಜಲಪುರ: ಹಗ್ಗದ ಮೇಲೆ

ಗಡಿ ಬಂದ್ ಆಗಿ ಹೊಸ ಫಿಲ್ಮ್ ಬರುತ್ತಿರಲಿಲ್ಲ. ಗೆಳೆಯ ಬಳೆಗಾರ ಓಡಿದ ಅದೇ ಸುರುಳಿಯನ್ನು ಹಿಂದಕ್ಕೆ ಸುತ್ತಿ, ಊರ ಹೊರಗಿನ ಹಳೇ ಗೋರಿಗಳನ್ನು ಅದರ ಮೇಲೇ ತೆಗೆದ.

"ಒಂದರ ಮ್ಯಾಲ ಒಂದು ಬಿದ್ರ ಕೆಡಂಗಿಲ್ಲೇನಲೇ?"

"ಕೆಡ್ಲಿ. ಏನ್ ಹುಟ್ಟತದ ನೋಡೂಣು."

ಫಿಲ್ಮ್ ತೊಳೆದು, ನಾವು ಇಳಿದುಕೊಂಡಿದ್ದ ಮನೆಯೊಡತಿಯ ಸೀರೆಗಳ ನಡುವೆ ಹಗ್ಗಕ್ಕೆ ಹಾಕಿದೆವು. ಆ ಫಿಲ್ಮಿನಲ್ಲಿ ಎಲ್ಲ ಉಲ್ಟಾ: ಕೂದಲು ಬಿಳಿ, ಹಲ್ಲು ಕರಿ. ಆಕೆ ಒಂದು ತುದಿ ಬಿಸಿಲಿಗೆ ಹಿಡಿದು ನೋಡಿ ತಣ್ಣಗೆ ಕೇಳಿದಳು: "ಎಪ್ಪಾ, ಇಷ್ಟು ಹೆಣ ನಮ್ಮ ಹಗ್ಗದ ಮ್ಯಾಲೇ ಒಣಗ ಹಾಕಬೇಕಿತ್ತೇನು?"

ಜೇವರ್ಗಿ: ಗೋಡೆಯ ಮೇಲೆ

ಆ ಉಲ್ಟಾ ಫಿಲ್ಮಿನಿಂದ ಸರಿಯಾದ ಪ್ರತಿ ತೆಗೆಯಲು ಬೇರೆ ಫಿಲ್ಮ್ ಇಲ್ಲ. ಅದನ್ನೇ ಗೋಡೆಗೆ ಬಿಟ್ಟೆವು. ಜನ ಕೂಡಲಿ ಎಂದು ನಾನು ಬಾಗಿಲಲ್ಲಿ ಕೂಗಿದ್ದೆ: "ಇಲ್ಲದವರನ್ನ ತೋರಸೋ ಮಷೀನ್, ಬರ್ರಿ!"

ಕರಿ ಆಕಾಶ. ಬಿಳಿ ಕೂದಲಿನ ಬಳೆಗಾರ ಸದ್ದಿಲ್ಲದೆ ಓಡಿದ. ಅವನ ಮೈಯೊಳಗೆ ಗೋರಿಗಳು ಕಂಡವು. ಮೂರು ಸಲ ತಿರುಗಿ ನಮ್ಮನ್ನೇ ನೋಡಿದ.

ಮುಂದಿನ ಸಾಲಿನಲ್ಲೇ ಅವನ ಹೆಂಡತಿ. ಆಳಂದಕ್ಕೆ ಹೋದ ಗಂಡ ಎರಡು ತಿಂಗಳಾದರೂ ಮರಳಿರಲಿಲ್ಲ.

"ಸತ್ತಾನ," ಅಂದರು ಹಿರಿಯರು. "ಈಕಿ ಬಳಿ ಒಡಸ್ರಿ."

"ಇದು ನನ್ನ ಕೈಚಳಕರೀ!" ಗೆಳೆಯ ಬಾಯಿ ಬಡಿದುಕೊಂಡ. ನಾನೂ ಹೌದೆಂದೆ. ನಾನು ಹುಟ್ಟಿದಾಗಿನಿಂದ ಆಡಿದ ಒಂದೇ ನಿಜ ಅದು, ಒಬ್ಬರೂ ನಂಬಲಿಲ್ಲ.

ಆಕೆ ಎದ್ದು ಗೋಡೆ ಮುಟ್ಟಿದಳು. "ಮಲಾರ ಹೆಗಲ ಮ್ಯಾಲೇ ಅದ. ಸತ್ತವಗ ವ್ಯಾಪಾರ ಯಾಕ ಬೇಕ್ರಿ? ನಾ ಒಡಸ್ಕೊಳ್ಳಂಗಿಲ್ಲ."

ಹಿರಿಯರು ಮೂರು ದಿನ ಗಡುವು ಕೊಟ್ಟರು.

ಹಗಲು ದೀಪ

ಮೂರನೆಯ ದಿನ ಬಳೆ ಒಡೆಸಲು ಹೆಂಗಸರು ಆಕೆಯ ಮನೆಗೆ ಬಂದು ಕೂತರು. ತಪ್ಪು ನನ್ನದೇ ಎಂದು ನಾನೂ ಹೋಗಿದ್ದೆ. ಮಟಮಟ ಮಧ್ಯಾಹ್ನ, ಬಾಗಿಲಲ್ಲಿ ಬಳೆಗಾರ! ದಾರಿಯ ಧೂಳು ಕೂತು ಕೂದಲು ಪೂರಾ ಬೆಳ್ಳಗೆ. ಹೆಂಗಸರು ಚೀರಿ ಹಿತ್ತಿಲಿಗೆ ಓಡಿದರು. ನಾನು ಅವರಿಗಿಂತ ಮುಂದೆ; ಹಿತ್ತಿಲ ಬಾಗಿಲ ಸಂದಿಯಿಂದ ಇಣುಕಿದೆ.

ಹೆಂಡತಿ ಮಾತ್ರ ಚಿಮಣಿ ಹಚ್ಚಿದಳು.

"ಏನ್ ಮಾಡಾಕತ್ತಿ ಬೇ? ದಾರಿ ಬಂದ್ ಆಗಿ ಸೊಲ್ಲಾಪುರದಾಗ ಸಿಕ್ಕೊಂಡಿದ್ದೆ..."

"ಸುಮ್ಮ ನಿಲ್ರಿ."

ದೀಪವನ್ನು ಅವನ ಬೆನ್ನ ಹಿಂದಿನ ಕಟ್ಟೆಯ ಮೇಲಿಟ್ಟು, ಮುಂದೆ ಬಂದು ಹೊಟ್ಟೆಯನ್ನೇ ದಿಟ್ಟಿಸಿದಳು.

"ಮೈಯಾಗ ದೀಪ ಕಾಣವಲ್ದು. ಇವರು ಖರೇನೇ ಅದಾರ. ಬರ್ರಿ ಒಳಗ, ರೊಟ್ಟಿ ಆರಾಕತ್ತಾವ."

ಆಮೇಲೆ ಚಿಮಣಿ ಎತ್ತಿಕೊಂಡು ಹಿತ್ತಿಲಿಗೆ ಬಂದಳು. "ಅವತ್ತು ಬಾಗಲದಾಗ ಕೂಗಿದವ ಎಲ್ಲಿ? ಅವಂದೂ ಒಮ್ಮಿ ನೋಡೇಬಿಡೂಣು."

ಅಷ್ಟರಲ್ಲಿ ನಾನು ಗೋಡೆ ಹಾರಿದ್ದೆ. ಹೀಗಾಗಿ ನಾನು ಖರೇನೇ ಇದ್ದೇನೋ ಇಲ್ಲವೋ, ಇವತ್ತಿಗೂ ಯಾರೂ ಪರೀಕ್ಷೆ ಮಾಡಿಲ್ಲ. ಅಂಥವನ ಹತ್ತಿರ ದುಡ್ಡು ಎಲ್ಲಿಂದ ಬರಬೇಕ್ರೀ? ಈ ಚಹಾದ್ದು ನೀವೇ ಕೊಟ್ಟುಬಿಡ್ರಿ.