ಯಾವ ಹಸುವಿಗೂ ಇಲ್ಲದ ಹೆಸರು

ಮಗು ಹುಟ್ಟಿ ಐದು ದಿನವಾಗಿತ್ತು, ಇನ್ನೂ ಹೆಸರಿರಲಿಲ್ಲ. ಕೂಸು ಹುಟ್ಟುವ ಮುಂಚೆ ಕುಲಾವಿ ಹೊಲಿಸುವವರು ಲೋಕದಲ್ಲಿ ಬೇಕಾದಷ್ಟಿದ್ದಾರೆ. ಅನ್ಸೆಲ್ಮನ ಮನೆಯಲ್ಲೂ ಆರು ಕುಲಾವಿ ಹೊಲಿದು ಮಡಿಸಿಟ್ಟಿದ್ದವು, ಹೆಸರಿಗೆ ಮಾತ್ರ ಬರ. ಐದನೆಯ ದಿನ ಮುಗಿಯುವುದರೊಳಗೆ ಊರಿನ ಕಚೇರಿಗೆ ಹೋಗಿ ಮಗುವಿನ ಹೆಸರು ಬರೆಸಬೇಕು, ಇಲ್ಲದಿದ್ದರೆ ಕೋರ್ಟಿಗೆ ಅಲೆಯಬೇಕು. ಆ ಕಚೇರಿಯೋ ಒಂಬತ್ತಕ್ಕೆ ತೆರೆದರೆ ಹನ್ನೆರಡಕ್ಕೆ, ಚರ್ಚಿನ ಗಂಟೆಯ ಮೊದಲ ಏಟಿಗೇ ಮುಚ್ಚುತ್ತಿತ್ತು.

ಬೆಳಿಗ್ಗೆ ಆರಕ್ಕೆ ಅನ್ಸೆಲ್ಮ್ ಬಟ್ಟಲು ತುಂಬ ಕಾಫಿ ಹಿಡಿದುಕೊಂಡು ಅಡುಗೆಮನೆಯ ಕ್ಯಾಲೆಂಡರಿನ ಮುಂದೆ ನಿಂತಿದ್ದ. ನಾಲ್ಕು ದಿನದಿಂದಲೂ ಹೀಗೇ ನಿಲ್ಲುತ್ತಿದ್ದ. ಅಂಚೆಯವನು ಹೊಸ ವರ್ಷಕ್ಕೆ ಕೊಡುವ, ಬೆಕ್ಕಿನ ಮರಿಗಳ ಚಿತ್ರವಿರುವ ಕ್ಯಾಲೆಂಡರ್ ಅದು. ಗೊಬ್ಬರದ ಗಾಡಿ ಬರುವ ದಿನ, ಹಲ್ಲು ಕೀಳಿಸುವ ದಿನ ಎಲ್ಲವನ್ನೂ ಮಾವ ಫೆರ್ನಾಂ ಅದರ ಮೇಲೆಯೇ ಪೆನ್ಸಿಲಿನಲ್ಲಿ ಗೀಚುತ್ತಿದ್ದ. ಇವತ್ತಿನ ತಾರೀಕಿನ ಮನೆಯಲ್ಲೂ ಏನೋ ಗೀಚಿತ್ತು. ಅನ್ಸೆಲ್ಮನ ಕಣ್ಣು ಅದರ ಮೇಲೆಯೇ ಇತ್ತು, ಆದರೆ ತಲೆಯೊಳಗೆ ಬೇರೆಯದೇ ಓಡುತ್ತಿತ್ತು.

ಮಾವ ನಸುಕಿನಲ್ಲೇ ಲಾರಿ ತೆಗೆದುಕೊಂಡು ಗಡಿ ದಾಟಿ ಸ್ವಿಸ್ ಕಡೆಗೆ ಹೋಗಿದ್ದ. ಮೊಮ್ಮಗಳಿಗೆ ಏನೋ ಉಡುಗೊರೆ ತರುತ್ತಾನಂತೆ. ತೊಟ್ಟಿಲೇ ಇರಬೇಕು ಎಂದು ಮನೆಯವರೆಲ್ಲ ಅಂದುಕೊಂಡಿದ್ದರು.

ಇಷ್ಟಕ್ಕೂ ಒಂದು ಹೆಸರಿಡುವುದಕ್ಕೆ ಇಷ್ಟು ಒದ್ದಾಟವೇಕೆ? ಕಾರಣ ಅನ್ಸೆಲ್ಮನ ಹೆಂಡತಿ ಮಾರ್ಗರೀತ್. ಮೂವತ್ತು ವರ್ಷದ ಹಿಂದೆ ಅವಳು ಹುಟ್ಟಿದ ವಾರವೇ ಫೆರ್ನಾಂನ ಹಸು ಜಿಲ್ಲೆಯ ಮೇಳದಲ್ಲಿ ಮೊದಲ ಬಹುಮಾನ ಗೆದ್ದಿತ್ತು. ಆ ಹಸುವಿನ ಹೆಸರು ಮಾರ್ಗರೀತ್. ಬಿಳಿ ಎಸಳಿನ, ನಡುವೆ ಹಳದಿ ಬೊಟ್ಟಿನ ಹುಲ್ಲುಗಾವಲಿನ ಹೂವಿನ ಹೆಸರು. ಫೆರ್ನಾಂ ಕಣ್ಣೊರೆಸಿಕೊಂಡು ನೇರವಾಗಿ ಕಚೇರಿಗೆ ಹೋಗಿ ಮಗಳಿಗೂ ಅದನ್ನೇ ಬರೆಸಿದ. ಅವನ ಪಾಲಿಗೆ ಅದಕ್ಕಿಂತ ದೊಡ್ಡ ಗೌರವ ಬೇರೆ ಇರಲಿಲ್ಲ. ಮಗಳ ಪಾಲಿಗೆ ಅದು ಹನ್ನೆರಡು ವರ್ಷದ ಶಿಕ್ಷೆ. ಶಾಲೆಯಲ್ಲಿ ಹಾಜರಿ ಕೂಗಿದಾಗ ಅವಳು ಬಾಯಿ ತೆರೆಯುವ ಮೊದಲೇ ಹಿಂದಿನ ಬೆಂಚಿನಿಂದ ‘ಅಂಬಾ’ ಎಂದು ಉತ್ತರ ಬರುತ್ತಿತ್ತು.

ಸಾಲದ್ದಕ್ಕೆ ಈ ಕೂಸು ಅವಸರದ್ದು. ಆಂಬುಲೆನ್ಸ್ ಬೆಟ್ಟ ಹತ್ತುವ ಮೊದಲೇ ಅಡುಗೆಮನೆಯಲ್ಲಿ ಹುಟ್ಟಿಬಿಟ್ಟಿತು. ಆ ಹೊತ್ತಿಗೆ ಕೊಟ್ಟಿಗೆಯಲ್ಲಿದ್ದ ದನದ ಡಾಕ್ಟರೇ ಕೈ ತೊಳೆದುಕೊಂಡು ಒಳಗೆ ಬಂದು ಹೆರಿಗೆ ಮಾಡಿಸಿದರು. ಆಮೇಲೆ ತಾಯಿ, ಮಗು ಇಬ್ಬರನ್ನೂ ಪಟ್ಟಣದ ಆಸ್ಪತ್ರೆಗೆ ಸೇರಿಸಿದ್ದಾಯಿತು. ಮಾರ್ಗರೀತ್ ಅಲ್ಲಿಂದಲೇ ಗಂಡನಿಗೆ ಅಪ್ಪಣೆ ಕೊಟ್ಟಿದ್ದಳು.

“ನಂಗೆ ಹಸು ಹೆಸರು. ನನ್ನ ಮಗಳು ಹುಟ್ಟಿದ್ದು ದನದ ಡಾಕ್ಟರ ಕೈಲಿ. ಹೆಸರಾದ್ರೂ ಮನುಷ್ಯರದ್ದು ಇರ್ಲಿ, ಅನ್ಸೆಲ್ಮ್. ಹೂವಿಂದೋ, ಬಳ್ಳಿದೋ, ಚೆಂದಗಿರೋದು. ಆದ್ರೆ ಈ ಕಣಿವೇಲಿ ಒಂದೇ ಒಂದು ಹಸುಗೂ ಆ ಹೆಸರು ಇರಕೂಡ್ದು. ಸತ್ತಿರೋ ಹಸೂನೂ ಲೆಕ್ಕಕ್ಕೆ.”

ಬೇರೆ ಹೆಂಗಸಾಗಿದ್ದರೆ ‘ಇಲ್ಲದಿದ್ದರೆ ತವರಿಗೆ ಹೋಗ್ತೀನಿ’ ಎನ್ನುತ್ತಿದ್ದಳು. ಅನ್ಸೆಲ್ಮ್ ಮನೆಅಳಿಯ, ಅವಳು ಇದ್ದದ್ದೇ ತವರಿನಲ್ಲಿ. ಆದ್ದರಿಂದ ಅವಳು, “ಇಲ್ದಿದ್ರೆ ನೀನು ನಿನ್ನ ತವರಿಗೆ ಹೋಗು” ಎಂದಳು. ಅನ್ಸೆಲ್ಮನ ತವರೆಂದರೆ ದೇಶದ ಆ ತುದಿಯ ಲಿಲ್ ಪಟ್ಟಣ, ಅಲ್ಲಿ ನಾಲ್ಕನೆಯ ಮಹಡಿಯಲ್ಲಿ ಅವನ ಅಮ್ಮನ ಒಂದು ಕೋಣೆ. ಮಾರ್ಗರೀತ್ ತಮಾಷೆಗೆ ಮಾತಾಡುವವಳಲ್ಲ ಎಂದು ಅವನಿಗೆ ಆರು ವರ್ಷದ ಅನುಭವದಿಂದ ಗೊತ್ತಿತ್ತು.

ಅವಳು ಆರು ಹೆಸರು ಬರೆದು ಕೊಟ್ಟಿದ್ದಳು. ಅನ್ಸೆಲ್ಮ್ ಊರಿನ ಚೀಸ್ ಡೈರಿಯಲ್ಲಿ ಹಾಲು ಅಳೆಯುವವನು, ರೈತರೆಲ್ಲ ಬೆಳಿಗ್ಗೆ ಅಲ್ಲಿಗೇ ಬರಬೇಕು. ವಿಚಾರಿಸುವುದಕ್ಕೆ ಅದಕ್ಕಿಂತ ಒಳ್ಳೆಯ ಜಾಗವಿಲ್ಲ ಎಂದುಕೊಂಡು ಅವನು ಚೀಟಿ ತೆಗೆದ. ಅದೇ ತಪ್ಪಾಯಿತು. ಹಾಲು ಸುರಿದವರು ಯಾರೂ ಮನೆಗೆ ಹೋಗಲಿಲ್ಲ, ಕ್ಯಾನುಗಳನ್ನು ಬೋರಲು ಹಾಕಿಕೊಂಡು ಸಭೆ ಕೂತರು. ಅಧ್ಯಕ್ಷತೆ ಪೆರಾರನದು. ಅರವತ್ತು ದಾಟಿದ, ಕೇಳದಿದ್ದರೂ ಬುದ್ಧಿ ಹೇಳುವ ರೈತ.

ವಿಯೊಲೆತ್ ಎಂದರೆ ನೇರಳೆ ಬಣ್ಣದ ಪುಟ್ಟ ಕಾಡುಹೂವು. ಆ ಹೆಸರಿನ ಹಸು ಪೆರಾರನದೇ, ಹೋದ ಬೇಸಿಗೆಯಲ್ಲಿ ಪಾದ್ರಿಯವರ ಒಗೆದ ಬಟ್ಟೆ ತಿಂದದ್ದು. ಕಾಪ್ಯೂಸಿನ್ ಎಂಬ ಕಿತ್ತಳೆ ಬಣ್ಣದ ಬಳ್ಳಿಹೂವು ಮೂರು ಕೊಟ್ಟಿಗೆಯಲ್ಲಿತ್ತು, ಅವುಗಳ ಕೆಚ್ಚಲಿನ ಅಳತೆಯೂ ಸಭೆಗೆ ಗೊತ್ತಿತ್ತು. ಪೆರ್‌ವಾಂಶ್ ಎಂಬ ನೀಲಿ ಹೂವು ಒದೆಯುವ ಹಸು. ಎಗ್ಲಾಂತೀನ್ ಅಂದರೆ ಬೇಲಿಯ ಕಾಡುಗುಲಾಬಿ. ಆ ಹೆಸರು ಕೇಳಿದ್ದೇ ಮೂಲೆಯಲ್ಲಿದ್ದ ಒಬ್ಬ ಮುದುಕ ಟೋಪಿ ತೆಗೆದ. ಅವನ ಎಗ್ಲಾಂತೀನ್ ಕಳೆದ ಚಳಿಗಾಲದಲ್ಲಿ ತೀರಿಕೊಂಡಿತ್ತು. ಉಳಿದವರೂ ತಮ್ಮ ಟೋಪಿ ತೆಗೆದರು. ಹುಳಿಹಣ್ಣಿನ ಗಿಡದ ಹೆಸರು ಏರೆಲ್ ಕೇಳಿದಾಗ ಇಬ್ಬರು ಒಟ್ಟಿಗೇ ಕೈ ಎತ್ತಿದರು. ದನಕರುಗಳ ಹೆಸರಿಗೆ ಸರ್ಕಾರದವರು ವರ್ಷಕ್ಕೊಂದು ಅಕ್ಷರ ಗೊತ್ತುಮಾಡುತ್ತಾರೆ. ಆ ವರ್ಷ ಹುಟ್ಟಿದ ಕರುವಿನ ಹೆಸರು ಅದರಿಂದಲೇ ಶುರುವಾಗಬೇಕು, ಈ ವರ್ಷದ್ದು ಮೊದಲಕ್ಷರ ಎ. ಕಳೆದ ವಾರವಷ್ಟೇ ಇಬ್ಬರ ಮನೆಯಲ್ಲೂ ಒಂದೊಂದು ಏರೆಲ್ ಹುಟ್ಟಿತ್ತು.

ಉಳಿದದ್ದು ಒಂದೇ. ಅನ್ಸೆಲ್ಮ್ ಚೀಟಿಯ ಕೊನೆಯ ಸಾಲಿಗೆ ಬೆರಳಿಟ್ಟ. “ಗರಾಂಸ್?” ಎಂದ.

ಯಾರೂ ಕೈ ಎತ್ತಲಿಲ್ಲ. ಹಾಗೆಂದರೇನು ಎಂದು ಪೆರಾರ್ ಕೇಳಿದ. ಅದೊಂದು ಗಿಡ, ಅದರ ಬೇರಿನಿಂದ ಹಿಂದೆ ಕೆಂಪು ಬಣ್ಣ ತೆಗೆಯುತ್ತಿದ್ದರು ಎಂದು ಅನ್ಸೆಲ್ಮ್ ಹೇಳಿದ. ಹೋದ ಜೀವ ಬಂದಂತಾಗಿ ಚೀಟಿ ಮಡಿಸುತ್ತಿದ್ದಾಗ ಪೆರಾರ್ ತೊಡೆ ತಟ್ಟಿಕೊಂಡ.

“ಆಹಾ, ಕೆಂಪು ಬಣ್ಣ ಅಂದ್ರೆ ನಮ್ಮ ಕೆಂಪು ಹಸುಗೆ ಹೇಳಿ ಮಾಡ್ಸಿದ ಹೆಸರು ಕಣೋ. ಇನ್ನಾರು ವರ್ಷಕ್ಕೆ ಜಿ ಅಕ್ಷರ ಬರುತ್ತೆ, ಜ್ಞಾಪಕ ಇಟ್ಕೊಂಡಿರ್ತೀನಿ. ನಿನ್ನ ಮಗಳು ಒಂದನೇ ಕ್ಲಾಸಿಗೆ ಸೇರೋ ಹೊತ್ತಿಗೆ ನನ್ನ ಕೊಟ್ಟಿಗೇಲೂ ಒಂದು ಗರಾಂಸ್ ಇರುತ್ತೆ ನೋಡ್ತಿರು.”

ಸಭೆ ತಲೆದೂಗಿತು. ಇನ್ನಿಬ್ಬರು ತಾವೂ ಇಡುತ್ತೇವೆಂದರು. ಅನ್ಸೆಲ್ಮ್ ಚೀಟಿಯನ್ನು ಹರಿದು ಒಲೆಗೆ ಹಾಕಿದ. ಹಳೆಯ ಹೆಸರುಗಳೂ ಹೋದವು, ಮುಂದೆ ಬರುವವೂ ಹೋದವು. ಹೂವಿರುವಲ್ಲೆಲ್ಲ ಹಸು ಬಾಯಿ ಹಾಕಿತ್ತು.

ಹನ್ನೊಂದು ಗಂಟೆಗೆ ಅವನು ಬೆವರಿಕೊಂಡು ಕಚೇರಿಯ ಕಡೆ ಹೊರಟ. ಬ್ರೆಡ್ಡಿನ ಅಂಗಡಿಯ ಮದಾಂ ಲ್ಯೂಸೆತ್ ಬಾಗಿಲಲ್ಲೇ ತಡೆದಳು. ಡೈರಿಯ ಸುದ್ದಿ ಆಗಲೇ ಅವಳಿಗೆ ಮುಟ್ಟಿತ್ತು. ಹೂವು, ಬಳ್ಳಿ ಎಲ್ಲ ಈಗಿನವರ ಶೋಕಿ, ತಮ್ಮ ಕಾಲದಲ್ಲಿ ಆಯಾ ದಿನದ ಸಂತರ ಹೆಸರು ನೋಡಿ ಇಡುತ್ತಿದ್ದರು ಎಂದು ಕಾಲು ಗಂಟೆ ವಿವರಿಸಿದಳು. ಕೊನೆಗೆ, “ಕ್ಯಾಲೆಂಡರ್ ನೋಡು ಮಗ. ಹೆಸರು ಅಲ್ಲೇ ಇರುತ್ತೆ” ಎಂದು ಒಂದು ಉದ್ದನೆಯ ಬ್ರೆಡ್ಡು ಕಂಕುಳಲ್ಲಿಟ್ಟು ಕಳಿಸಿದಳು. ಅನ್ಸೆಲ್ಮ್ ಆ ಮಾತನ್ನು ಕಿವಿಗೆ ಹಾಕಿಕೊಳ್ಳಲಿಲ್ಲ.

ಕಚೇರಿಯ ಕಾರ್ಯದರ್ಶಿ ಮದಾಂ ಓದಿಲ್ ದೊಡ್ಡ ದಫ್ತರ ಬಿಚ್ಚಿಕೊಂಡು ಕಾಯುತ್ತಿದ್ದಳು. ಡಾಕ್ಟರ ಚೀಟಿ ನೋಡಿದಳು, ತಾರೀಕು, ತಂದೆ, ತಾಯಿ ಎಲ್ಲ ಬರೆದಳು, ಹೆಸರಿನ ಜಾಗಕ್ಕೆ ಬಂದು ತಲೆ ಎತ್ತಿದಳು. ಅನ್ಸೆಲ್ಮ್ ಮೇಲೆ ನೋಡಿದ. ಗೋಡೆಯ ಗಡಿಯಾರದಲ್ಲಿ ಹನ್ನೆರಡಕ್ಕೆ ಇಪ್ಪತ್ತು ನಿಮಿಷವಿತ್ತು. ಅವನು ಅಳುವ ದನಿಯಲ್ಲಿ ಎಲ್ಲ ಹೇಳಿಕೊಂಡ.

ಮದಾಂ ಓದಿಲ್‌ಗೆ ಕನಿಕರ ಹುಟ್ಟಿತು. ಅವಳ ಗಂಡನಿಗೂ ಹಸುಗಳಿದ್ದವು, ಕರುಗಳ ಕಾಗದ ತುಂಬುವುದು ಅವಳೇ. “ಅಕ್ಷರ ಯಾವ್ದಾದ್ರೂ ಅಷ್ಟೇ, ಇವತ್ತಲ್ಲ ನಾಳೆ ಅದರ ವರ್ಷ ಬಂದೇ ಬರುತ್ತೆ ಅನ್ಸೆಲ್ಮ್” ಎಂದವಳು ಒಂದು ಕ್ಷಣ ತಡೆದಳು. “ಕೆಲವನ್ನ ಬಿಟ್ಬಿಟ್ಟಿದಾರೆ, ನಿಜ. ಹೆಸರು ಸಿಗೋದು ಕಷ್ಟ ಅಂತ. ಕೆ, ಕ್ಯೂ, ಡಬ್ಲ್ಯು, ಎಕ್ಸು, ವೈ. ಆಮೇಲೆ ಝಡ್. ಅವಕ್ಕೆ ವರ್ಷಾನೇ ಇಲ್ಲ.”

ಅನ್ಸೆಲ್ಮ್ ಎದ್ದು ನಿಂತ. ಝಡ್‌ಗೆ ವರ್ಷವಿಲ್ಲ. ಅಂದರೆ ಝಡ್‌ನಿಂದ ಶುರುವಾಗುವ ಹಸು ಹಿಂದೆ ಹುಟ್ಟಿಲ್ಲ, ಮುಂದೆ ಹುಟ್ಟುವುದೂ ಇಲ್ಲ. ಸರ್ಕಾರವೇ ಬೇಲಿ ಹಾಕಿ ಕಾಪಾಡಿದ ಅಕ್ಷರ ಅದು. ಅವನು ಯೋಚಿಸಲೇ ಇಲ್ಲ, ಎಲ್ಲಿಂದಲೋ ಹೆಸರು ತಾನಾಗಿ ಬಂದು ನಾಲಿಗೆಯ ಮೇಲೆ ಕೂತಿತು.

“ಝೆಫಿರೀನ್” ಎಂದ.

ಮದಾಂ ಓದಿಲ್ ಲೇಖನಿ ಕೆಳಗಿಟ್ಟಳು. “ನಮ್ಮಜ್ಜಿಯ ಅಕ್ಕನ ಹೆಸರು ಕಣಪ್ಪ. ಈಗ ಯಾರೂ ಇಡಲ್ಲ. ಝೆಫಿರ್ ಅಂದ್ರೆ ಪಡುವಣದ ತಂಗಾಳಿ. ಅದು ಬೀಸಿದ್ರೆ ಹಿಮ ಕರಗುತ್ತೆ, ಹುಲ್ಲು ತಲೆ ಎತ್ತುತ್ತೆ. ಹೂವಿನ ಹೆಸರಿಟ್ಟವರು ಬೇಕಾದಷ್ಟು ಜನ. ನೀನು ಹೂ ಅರಳ್ಸೋ ಗಾಳಿ ಹೆಸರೇ ಇಟ್ಯಲ್ಲ.” ಅವಳ ಕಣ್ಣು ತೇವವಾಯಿತು. ಎಲ್ಲಿ ಸಿಕ್ಕಿತು ಇಂಥ ಹೆಸರು ಎಂದು ಕೇಳಿದಳು. ಅನ್ಸೆಲ್ಮ್ ಎದೆ ಮುಟ್ಟಿಕೊಂಡು, “ಇಲ್ಲಿಂದ” ಎಂದ. ಅವಳು ಗುಂಡಗೆ ಬರೆದಳು, ಅವನು ಸಹಿ ಹಾಕಿದ, ಅವಳು ಮೊಹರು ಒತ್ತಿದಳು. ಚರ್ಚಿನ ಗಂಟೆ ಬಾರಿಸಿತು.

ಹೊರಗೆ ಬಂದವನೇ ಆಸ್ಪತ್ರೆಗೆ ಫೋನ್ ಮಾಡಿದ. ಮಾರ್ಗರೀತ್ ಆ ಹೆಸರನ್ನು ಬಾಯಲ್ಲಿ ಎರಡು ಸಲ ಹೊರಳಿಸಿ ನೋಡಿದಳು. ಅರ್ಥ ಕೇಳಿದಳು, ಅವನು ತಂಗಾಳಿಯ ವಿಷಯವನ್ನೆಲ್ಲ ತನ್ನದೇ ಎಂಬಂತೆ ಹೇಳಿದ. ಆ ಕಡೆಯಿಂದ ಮೂಗು ಏರಿಸಿಕೊಂಡ ಸದ್ದು.

“ಯಾವ ಹಸುಗೂ ಇಲ್ಲ ತಾನೆ?”

“ಇರೋಕೇ ಸಾಧ್ಯ ಇಲ್ಲ. ಕಾನೂನೇ ಇಲ್ಲ.”

“ಅನ್ಸೆಲ್ಮ್, ನಿನ್ನ ಮೇಲೆ ನಂಗೆ ಇಷ್ಟೊಂದು ಪ್ರೀತಿ ಇದೆ ಅಂತ ನಂಗೇ ಗೊತ್ತಿರ್ಲಿಲ್ಲ” ಎಂದಳು ಮಾರ್ಗರೀತ್. ಮದುವೆಯಾದ ಆರು ವರ್ಷದಲ್ಲಿ ಅವಳು ಹೀಗೆಂದದ್ದು ಅದೇ ಮೊದಲು. ಅನ್ಸೆಲ್ಮ್ ದಾರಿಯುದ್ದಕ್ಕೂ ಕಂಡವರಿಗೆಲ್ಲ ಹೆಸರು ಹೇಳುತ್ತಾ, ಬ್ರೆಡ್ಡು ಮುರಿದು ತಿನ್ನುತ್ತಾ ಮನೆಗೆ ಬಂದ.

ನಾಲ್ಕು ಗಂಟೆಗೆ ಆಸ್ಪತ್ರೆಯಿಂದ ಅತ್ತೆಯ ಕಾರು ಅಂಗಳಕ್ಕೆ ಬಂತು. ಮಾರ್ಗರೀತ್ ಮಗುವನ್ನೆತ್ತಿಕೊಂಡು ಇಳಿದು ಗಂಡನ ತೋಳಿಗೆ ಒರಗಿದಳು. ಅಷ್ಟರಲ್ಲಿ ಹಿಂದೆಯೇ ಹಾರನ್ ಹೊಡೆಯುತ್ತಾ ಫೆರ್ನಾಂನ ಲಾರಿ ಬಂತು. ಪಕ್ಕದಲ್ಲಿ ಪೆರಾರನೂ ಕೂತಿದ್ದ, ದಾರಿಯಲ್ಲಿ ಹತ್ತಿಕೊಂಡವನು. ಮಾವ ಧುಮುಕಿ ಇಳಿದು, ಮಗಳನ್ನಾಗಲಿ ಮೊಮ್ಮಗಳನ್ನಾಗಲಿ ನೋಡದೆ ನೇರವಾಗಿ ಅಳಿಯನ ಹತ್ತಿರ ಬಂದು ಎರಡು ಕೆನ್ನೆಗೂ ಮುತ್ತಿಟ್ಟ. ಅವನ ಮೀಸೆ ಒದ್ದೆಯಾಗಿತ್ತು. ಆರು ವರ್ಷದಲ್ಲಿ ಅಳಿಯನನ್ನು ಅವನು ಹೀಗೆ ತಬ್ಬಿಕೊಂಡಿರಲಿಲ್ಲ.

“ಪೆರಾರ್ ಹೇಳ್ದ. ನಂಬಕ್ಕೇ ಆಗ್ಲಿಲ್ಲ” ಎಂದ ಫೆರ್ನಾಂ. “ನಾನು ಹಸು ಹೆಸರು ಮಗಳಿಗಿಟ್ಟಾಗ ಊರೆಲ್ಲ ನಕ್ಕಿತ್ತು, ಅಳಿಯ. ನೀನು ಹಸು ಮನೆಗೆ ಬರೋಕ್ಕೂ ಮುಂಚೇನೇ ಇಟ್ಟಿದೀಯಲ್ಲೋ.”

ಅನ್ಸೆಲ್ಮನಿಗೆ ಅರ್ಥವಾಗಲಿಲ್ಲ. ತೋಳಿಗೆ ಒರಗಿದ್ದ ಭಾರ ಮೆಲ್ಲಗೆ ದೂರವಾದದ್ದು ಮಾತ್ರ ತಿಳಿಯಿತು. ಪೆರಾರ್ ಲಾರಿಯ ಹಲಗೆ ಇಳಿಸಿದ. ಕೊರಳಿಗೆ ಬಿಂದಿಗೆಯಷ್ಟು ದೊಡ್ಡ ಗಂಟೆ, ಕೊಂಬಿಗೆ ಹೂಮಾಲೆ ಕಟ್ಟಿಸಿಕೊಂಡ ಕಂದು ಹಸುವೊಂದು ಗಂಭೀರವಾಗಿ ಇಳಿಯಿತು. ಮಾಲೆಯ ನಡುವೆ ಒಂದು ಮರದ ಹಲಗೆ, ಅದರ ಮೇಲೆ ಬಣ್ಣದಲ್ಲಿ ಹೆಸರು: ಝೆಫಿರೀನ್.

ಹೋದೆಯಾ ಪಿಶಾಚಿ ಎಂದರೆ ಬಂದೆ ಗವಾಕ್ಷಿಯಲ್ಲಿ ಎಂಬಂತಾಯಿತು.

“ಝಡ್... ಝಡ್‌ಗೆ ವರ್ಷ ಇಲ್ಲ ಮಾವ” ಎಂದು ಅನ್ಸೆಲ್ಮ್ ತೊದಲಿದ.

“ನಮ್ಮಲ್ಲಿ ಇಲ್ಲ. ಗಡಿಯಾಚೆಯವರಿಗೆ ಈ ಅಕ್ಷರದ ಕಾಟ ಎಲ್ಲಿ? ಬಾಯಿಗೆ ಬಂದದ್ದು ಇಡ್ತಾರೆ. ಮೊಮ್ಮಗಳು ಕುಡಿಯೋ ಹಾಲು ಅವಳದೇ ಹಸುದಾಗಿರ್ಲಿ ಅಂತ ತಂದೆ.” ಮಾವ ಹಸುವಿನ ಬೆನ್ನು ತಟ್ಟಿದ. ಅದು ಬಾಲ ಎತ್ತಿ, ಅಂಗಳದ ಕೋಳಿಗಳೆಲ್ಲ ಚದುರುವಂತೆ, ದೀರ್ಘವಾಗಿ ಗಾಳಿ ಬಿಟ್ಟಿತು. “ನೋಡಿದ್ರಾ? ಕರುವಾಗಿದ್ದಾಗಿಂದ್ಲೂ ಹೀಗೇ ಅಂತೆ. ಅದಕ್ಕೇ ತಂಗಾಳಿ ಅಂತ ಹೆಸರಿಟ್ಟಿದಾರೆ. ಹಿಂದ್ಗಡೆ ಮಾತ್ರ ನಿಲ್ಬೇಡ ಮಗಳೇ.”

ಮಾರ್ಗರೀತ್ ಹಸುವನ್ನು ನೋಡಿದಳು, ಮಗುವನ್ನು ನೋಡಿದಳು, ಕೊನೆಗೆ ಗಂಡನನ್ನು ನೋಡಿದಳು. ಅವನು ಆಣೆ ಪ್ರಮಾಣ ಮಾಡಿದ. ತನಗೇನೂ ಗೊತ್ತಿರಲಿಲ್ಲ, ಹೆಸರು ತಾನಾಗಿಯೇ ನಾಲಿಗೆಗೆ ಬಂತು ಎಂದ. “ತಾನಾಗಿ ಎಲ್ಲಿ ಬರುತ್ತೆ?” ಎಂದು ಮಾವ ನಕ್ಕ. “ನೀನು ದಿನಾ ಕಾಫಿ ಕುಡಿಯೋ ಜಾಗದಲ್ಲೇ ಬರೆದಿಟ್ಟಿದ್ನಲ್ಲ.”

ಅನ್ಸೆಲ್ಮ್ ಅಡುಗೆಮನೆಗೆ ಓಡಿದ. ಬೆಕ್ಕಿನ ಮರಿಗಳ ಕೆಳಗೆ, ಇವತ್ತಿನ ತಾರೀಕಿನ ಮನೆಯಲ್ಲಿ ಮಾವನ ಕೋಳಿಕಾಲು ಅಕ್ಷರ: ‘ಝೆಫಿರೀನ್ — ನಾಲ್ಕು ಗಂಟೆಗೆ’. ನಾಲ್ಕು ದಿನ ನೋಡಿದ್ದ, ಒಂದು ದಿನವೂ ಓದಿರಲಿಲ್ಲ. ಹೊರಗೆ ಮಾರ್ಗರೀತ್ ತನ್ನ ಅಪ್ಪನ ಹತ್ತಿರ ತಗ್ಗಿದ ದನಿಯಲ್ಲಿ ಏನೋ ಹೇಳುತ್ತಿದ್ದಳು. ಅವಳು ಕೂಗಿದ್ದರೇ ಚೆನ್ನಾಗಿತ್ತು ಎಂದು ಅವನಿಗನ್ನಿಸಿತು.

ಮಾವ ಒಳಗೆ ಬಂದ. ಅಳಿಯನ ಮುಖ ನೋಡದೆ, ಕಿವಿಯ ಮೇಲಿಂದ ಪೆನ್ಸಿಲ್ ತೆಗೆದು, ಒಂದು ನಿಟ್ಟುಸಿರು ಬಿಟ್ಟು, ನಾಳೆಯ ತಾರೀಕಿನ ಮನೆಯಲ್ಲಿ ನಿಧಾನವಾಗಿ ಏನೋ ಗೀಚಿ ಹೋದ.

ಈ ಸಲ ಅನ್ಸೆಲ್ಮ್ ಕಣ್ಣಿಟ್ಟು ಓದಿದ. ‘ಅಳಿಯ — ಲಿಲ್ — ಬೆಳಿಗ್ಗೆ ಏಳೂ ಹತ್ತರ ರೈಲು.’